ಫಿನ್‌ಲೆಂಡ್ ಹಾಗಿರಲಿ, ನಮ್ಮ ಎಲ್‌ಕೆಜಿ ಸೀಟಿನ ಕಥೆ ಏನು?

ರಾಜಾಜಿನಗರದ ಓದುಗರೊಬ್ಬರು ಕೇಳಿದ್ದಾರೆ: 'ಫಿನ್‌ಲೆಂಡ್‌ನಲ್ಲಿ ಹೋಂವರ್ಕ್ ಕಡಿಮೆ, ಪರೀಕ್ಷೆ ಕಡಿಮೆ, ಆದರೂ ಮಕ್ಕಳು ಮುಂದಿದ್ದಾರೆ. ನಾವೂ ಹಾಗೇ ಮಾಡಬಾರದೇ? ಭಾರತ ಪಿಸಾ ಪರೀಕ್ಷೆಗೆ ಯಾಕೆ ಕೂರುತ್ತಿಲ್ಲ?'

ಮಾಡಬಹುದು ಸರ್. ಆದರೆ ಕಾಪಿ ಹೊಡೆಯುವ ಮುಂಚೆ ಪಕ್ಕದವನ ಉತ್ತರ ಸರಿ ಇದೆಯಾ ನೋಡಬೇಕಲ್ವಾ? ಪಿಸಾ ಅಂದರೆ 15 ವರ್ಷದ ಮಕ್ಕಳಿಗೆ ಓಇಸಿಡಿ ಎಂಬ, ಹೆಚ್ಚಾಗಿ ಶ್ರೀಮಂತ ದೇಶಗಳೇ ಇರುವ ಸಂಸ್ಥೆ 2000ರಿಂದ ನಡೆಸುತ್ತಿರುವ ಪರೀಕ್ಷೆ. ಅದರ ಗಣಿತದಲ್ಲಿ ಫಿನ್‌ಲೆಂಡ್ 2006ರಲ್ಲಿ 548 ಅಂಕ ಪಡೆದಿತ್ತು, 2022ರಲ್ಲಿ 484ಕ್ಕೆ ಇಳಿದಿದೆ. 2022ರಲ್ಲಿ ಮೊದಲು ಬಂದದ್ದು ಸಿಂಗಾಪುರ, 575. ಅಲ್ಲಿ ಆರನೇ ಕ್ಲಾಸಿನ ಮಕ್ಕಳೇ ದೊಡ್ಡ ಪರೀಕ್ಷೆ ಬರೆಯುತ್ತಾರೆ, ಮುಂದೆ ಯಾವ ಹೈಸ್ಕೂಲು ಅಂತ ಅದರಲ್ಲೇ ತೀರ್ಮಾನ, ಟ್ಯೂಷನ್ ಗೀಳು ನಮ್ಮ ಜಯನಗರಕ್ಕೇನೂ ಕಮ್ಮಿ ಇಲ್ಲ. ಅಂದರೆ ಪರೀಕ್ಷೆ ತೆಗೆದುಬಿಟ್ಟರೆ ಮಕ್ಕಳು ಜಾಣರಾಗುತ್ತಾರೆ ಅನ್ನೋದಕ್ಕೆ ಇಲ್ಲಿ ಆಧಾರ ಸಿಗುವುದಿಲ್ಲ.

ಫಿನ್‌ಲೆಂಡ್‌ನಿಂದ ಕಲಿಯಬೇಕಾದದ್ದು ಬೇರೆ ಇದೆ. ಹಿಂದೆ ಅಲ್ಲೂ ಹತ್ತು–ಹನ್ನೊಂದು ವರ್ಷಕ್ಕೇ ಮಕ್ಕಳನ್ನು ಮುಂದೆ ಓದುವವರು, ಕೆಲಸ ಕಲಿಯುವವರು ಅಂತ ಎರಡು ದಾರಿಗೆ ಹಂಚುತ್ತಿದ್ದರು. 1970ರ ದಶಕದಲ್ಲಿ ಅದನ್ನು ನಿಲ್ಲಿಸಿ, ಎಲ್ಲರಿಗೂ ಒಂದೇ ಒಂಬತ್ತು ವರ್ಷದ ಶಾಲೆ ಮಾಡಿದರು, ಫೀಸಿಲ್ಲದೆ. ಟೀಚರಾಗಲು ಸ್ನಾತಕೋತ್ತರ ಪದವಿ ಬೇಕೆಂದದ್ದು ಅದರ ಬೆನ್ನಿಗೇ. ಪೋಲೆಂಡ್ ಕೂಡ 1999ರಲ್ಲಿ ಈ ಹಂಚಿಕೆಯನ್ನು ಒಂದು ವರ್ಷ ಮುಂದೆ ಹಾಕಿತು. ಪಿಸಾದ ಓದುವಿಕೆಯಲ್ಲಿ ಅದರ ಅಂಕ 2000ದಲ್ಲಿ 479 ಇದ್ದದ್ದು 2006ಕ್ಕೆ 508 ಆಯಿತು. ಅದೊಂದೇ ಕಾರಣ ಅಂತ ನಾನು ಹೇಳುವುದಿಲ್ಲ, ಆದರೂ ಗಮನಿಸಬೇಕಾದ ಮಾತು.

ನಮ್ಮ ಬೆಂಗಳೂರಿನಲ್ಲಿ ಹಂಚಿಕೆ ಯಾವ ವಯಸ್ಸಿಗೆ ಹೇಳಿ? ಮೂರು–ನಾಲ್ಕಕ್ಕೆ! ಎಲ್‌ಕೆಜಿ ಅಡ್ಮಿಷನ್ನಿಗೆ ಅಪ್ಪ ಅಮ್ಮನ ಇಂಟರ್‌ವ್ಯೂ, ಡೊನೇಷನ್, ಮೇಲೆ ಬಸ್ ಫೀಸು. ಸೇರಿಸುವಾಗ ಜರಡಿ ಹಿಡಿಯಬಾರದು, ಡೊನೇಷನ್ ಕೇಳಬಾರದು ಅಂತ ಶಿಕ್ಷಣ ಹಕ್ಕು ಕಾಯ್ದೆಯಲ್ಲೇ ಬರೆದಿದೆ, ಸುಮ್ನೆ ಬರೆದಿದೆ. ಅದೇ ಕಾಯ್ದೆಯಲ್ಲಿ ಬಡ ಮಕ್ಕಳಿಗೆ ಖಾಸಗಿ ಶಾಲೆಯಲ್ಲಿ ಶೇ. 25 ಸೀಟು ಇತ್ತಲ್ಲ, 2019ರಿಂದ ಕರ್ನಾಟಕದಲ್ಲಿ ಹತ್ತಿರ ಸರ್ಕಾರಿ ಇಲ್ಲವೇ ಅನುದಾನಿತ ಶಾಲೆ ಇದ್ದರೆ ಅದೂ ಇಲ್ಲ. ಹೋಗಲಿ, ಸರ್ಕಾರಿ ಶಾಲೆಯನ್ನೇ ಗಟ್ಟಿ ಮಾಡುತ್ತೇವೆ ಅಂದಿದ್ದರೆ ನಾನೂ ಒಪ್ಪುತ್ತಿದ್ದೆ. ಅಲ್ಲಿ ನೋಡಿದರೆ ಖಾಲಿ ಹುದ್ದೆಗೆಲ್ಲ ಅತಿಥಿ ಶಿಕ್ಷಕರು, ಅವರ ಸಂಬಳವೂ ತಿಂಗಳುಗಟ್ಟಲೆ ತಡ.

ಇನ್ನು ಪಿಸಾ. 2009ರ ಸುತ್ತಿಗೆ ತಮಿಳುನಾಡು, ಹಿಮಾಚಲ ಪ್ರದೇಶ ಕೂತಿದ್ದವು. ಓದುವಿಕೆ ಮತ್ತು ಗಣಿತದ ಪಟ್ಟಿಯಲ್ಲಿ ಅವಕ್ಕಿಂತ ಕೆಳಗೆ ಇದ್ದದ್ದು ಕಿರ್ಗಿಸ್ತಾನ್ ಮಾತ್ರ. ಪ್ರಶ್ನೆಗಳು ನಮ್ಮ ಮಕ್ಕಳ ಪರಿಸರಕ್ಕೆ ಹೊಂದುವುದಿಲ್ಲ ಎಂದು ದೆಹಲಿ ಹಿಂದೆ ಸರಿಯಿತು. ಆ ಮಾತಿನಲ್ಲಿ ಸ್ವಲ್ಪ ನಿಜ ಇರಬಹುದು. ಆದರೆ ಪಿಸಾ ರ‍್ಯಾಂಕ್ ಜೊತೆಗೆ ಇನ್ನೊಂದು ಲೆಕ್ಕವನ್ನೂ ಕೊಡುತ್ತದೆ, ಒಂದೇ ದೇಶದ ಬಡವರ ಮಕ್ಕಳಿಗೂ ಉಳ್ಳವರ ಮಕ್ಕಳಿಗೂ ಅಂಕದಲ್ಲಿ ಎಷ್ಟು ಅಂತರ ಅಂತ. ನಮ್ಮವರಿಗೆ ಜಾಸ್ತಿ ಮುಜುಗರ ಆಗೋದು ಆ ಲೆಕ್ಕದಿಂದಲೇ ಅಂತ ನನ್ನ ಗುಮಾನಿ.