ಹೋರ್ಹೆ ಪೆರುಗೊರಿಯಾ ಒಂದೇ ಸಿನಿಮಾದ ನಟನೇ?

‘ಸ್ಟ್ರಾಬೆರಿ ಅಂಡ್ ಚಾಕೊಲೇಟ್’ ಬಿಟ್ಟರೆ ಕ್ಯೂಬಾದ ಹೋರ್ಹೆ ಪೆರುಗೊರಿಯಾ ನಟಿಸಿದ್ದರಲ್ಲಿ ನೋಡುವಂಥದ್ದು ಏನಾದರೂ ಇದೆಯಾ ಅಂತ ಕೇಳಿದ್ದೀರಿ. ಧಾರಾಳವಾಗಿ ಇದೆ. ಆದರೆ ಆ ಸಿನಿಮಾವನ್ನು ಪಕ್ಕಕ್ಕಿಟ್ಟು ಈತನ ಬಗ್ಗೆ ಮಾತಾಡೋಕೆ ಆಗಲ್ಲ.

1993ರ ಚಿತ್ರ ಅದು. ನಿರ್ದೇಶಕ ತೊಮಾಸ್ ಗುತಿಯೆರೆಸ್ ಅಲೆಯಾ ಕ್ಯಾನ್ಸರ್‌ನಿಂದ ನರಳುತ್ತಿದ್ದರು, ಹುವಾನ್ ಕಾರ್ಲೊಸ್ ತಾಬಿಯೊ ಕೈಜೋಡಿಸಿದರು. ಹವಾನಾದ ಕೊಪ್ಪೇಲಿಯಾ ಅನ್ನೋ ಸರ್ಕಾರಿ ಐಸ್‌ಕ್ರೀಮ್ ಅಂಗಡಿಯಲ್ಲಿ ಪಕ್ಕಾ ಕಮ್ಯುನಿಸ್ಟ್ ವಿದ್ಯಾರ್ಥಿ ದಾವಿದ್ ಚಾಕೊಲೇಟ್ ತಿಂತಾ ಕೂತಿರ್ತಾನೆ. ಎದುರಿಗೆ ಬಂದು ಕೂರುವ ಸಲಿಂಗಿ ದಿಯೆಗೊ ತನ್ನ ಐಸ್‌ಕ್ರೀಮಿನಲ್ಲಿ ಸಿಕ್ಕ ಸ್ಟ್ರಾಬೆರಿ ಹಣ್ಣನ್ನು ಸವಿಯೋದು ನೋಡಬೇಕು! ಎದುರಿಗಿದ್ದವನಿಗೆ ಮೈ ಪರಚಿಕೊಳ್ಳುವಷ್ಟು ಮುಜುಗರ. ದಿಯೆಗೊ ಆಗಿ ನಟಿಸಿದ ಪೆರುಗೊರಿಯಾ ಆಗ ಸಿನಿಮಾಕ್ಕೆ ಹೊಸಬ, ನಾಟಕದಿಂದ ಬಂದವನು. ಹೆಣ್ಣಿಗನ ಪಾತ್ರವನ್ನು ನಗೆಪಾಟಲು ಮಾಡಿ ಚಪ್ಪಾಳೆ ಗಿಟ್ಟಿಸೋದು ಸುಲಭವಿತ್ತು, ಅದನ್ನು ಮಾಡಲಿಲ್ಲ. ಬರ್ಲಿನ್ ಚಿತ್ರೋತ್ಸವದಲ್ಲಿ ಸಿನಿಮಾಕ್ಕೆ ‘ಬೆಳ್ಳಿ ಕರಡಿ’ ಪ್ರಶಸ್ತಿ ಬಂತು. ವಿದೇಶಿ ಭಾಷಾ ಆಸ್ಕರ್‌ಗೆ ನಾಮನಿರ್ದೇಶನಗೊಂಡ ಕ್ಯೂಬಾದ ಮೊದಲ ಚಿತ್ರವೂ ಅದೇ.

ಮುಂದೆ ಇಂಥದ್ದೇ ಪಾತ್ರ ಮಾಡ್ತಾ ಹೋಗ್ತಾನೆ ಅಂದುಕೊಂಡವರಿಗೆ 1995ರ ‘ಗ್ವಾಂತಾನಮೆರಾ’ ಉತ್ತರ. ಅದೇ ಜೋಡಿಯ ನಿರ್ದೇಶನ. ಒಂದು ಹೆಣವನ್ನು ಗ್ವಾಂತಾನಮೊದಿಂದ ಹವಾನಾಕ್ಕೆ ಸಾಗಿಸಬೇಕು, ಪೆಟ್ರೋಲ್ ಉಳಿಸೋಕೆ ಜಿಲ್ಲೆ ಜಿಲ್ಲೆಗೂ ಗಾಡಿ ಬದಲಾಯಿಸಬೇಕು, ಇಡೀ ಸಿನಿಮಾ ಸರ್ಕಾರಿ ಆದೇಶದ ಈ ಪೇಚಾಟ! ಇಲ್ಲಿ ಈತ ಊರಿಗೊಬ್ಬಳು ಪ್ರೇಯಸಿ ಇರುವ ಲಾರಿ ಡ್ರೈವರ್. ದಾರಿಯಲ್ಲಿ ತನಗೆ ಕಾಲೇಜಿನಲ್ಲಿ ಪಾಠ ಹೇಳಿದ್ದ ಟೀಚರ್ ಸಿಕ್ಕಾಗ ಮಾತ್ರ ಎಲ್ಲ ಪೋಲಿತನ ಇಳಿದುಹೋಗಿ ಹುಡುಗನಾಗಿಬಿಡ್ತಾನೆ. 2000ದಲ್ಲಿ ಬಸ್‌ಸ್ಟ್ಯಾಂಡ್‌ನಲ್ಲಿ ಸಿಕ್ಕಿಬಿದ್ದವರ ಕಥೆಯೊಂದರಲ್ಲಿ ಕ್ಯೂ ತಪ್ಪಿಸಿಕೊಳ್ಳೋಕೆ ಕುರುಡನ ಸೋಗು ಹಾಕಿದ. ಸ್ಪೇನ್‌ನಲ್ಲೂ ಸಾಕಷ್ಟು ಸಿನಿಮಾ ಮಾಡಿದ, 1999ರಲ್ಲಿ ಚಿತ್ರಕಾರ ಗೋಯಾನ ಪಾತ್ರ ಕೂಡ. ಅವುಗಳಲ್ಲಿ ಎಲ್ಲವನ್ನೂ ನೋಡಲೇಬೇಕಿಲ್ಲ ಅನ್ನೋದು ನನ್ನ ಅಭಿಪ್ರಾಯ. ಇಷ್ಟಾದರೂ ಹವಾನಾದ ಮನೆ ಬಿಡಲಿಲ್ಲ. ಕ್ಯೂಬಾದ ಗಿಬಾರಾ ಊರಿನ ಚಿತ್ರೋತ್ಸವದ ಹೊಣೆಯೂ ಈತನ ಹೆಗಲ ಮೇಲೆ ಬಂತು. ನಡುನಡುವೆ ನಿರ್ದೇಶನ, ಚಿತ್ರಕಲೆ ಬೇರೆ.

ನನ್ನ ಪ್ರಕಾರ ನಟನಾಗಿ ಈತನ ತಾಕತ್ತು ಪೂರ್ತಿ ಕಾಣೋದು 2015ರ ‘ವಿವಾ’ದಲ್ಲಿ. ಐರ್ಲೆಂಡಿನ ಪ್ಯಾಡಿ ಬ್ರೆತ್ನಾಕ್ ಹವಾನಾದಲ್ಲಿ ಸ್ಪ್ಯಾನಿಶ್‌ನಲ್ಲೇ ತೆಗೆದ ಚಿತ್ರ. ಕ್ಲಬ್ಬೊಂದರಲ್ಲಿ ಹೆಣ್ಣುವೇಷ ಹಾಕಿ ಹಾಡಿಗೆ ತುಟಿ ಆಡಿಸುವ ಹುಡುಗ ಗಿರಾಕಿಗಳ ನಡುವೆ ಇಳಿದು ಬಂದಾಗ, ಒಬ್ಬ ಮುಖಕ್ಕೆ ಗುದ್ದುತ್ತಾನೆ. ಆತ ಜೈಲಿನಿಂದ ಬಂದ ಅಪ್ಪ, ಹಳೇ ಬಾಕ್ಸರ್. ಅಪ್ಪನ ಪಾತ್ರ ನಮ್ಮ ಪೆರುಗೊರಿಯಾನದು. ಒಂದು ಕಾಲದಲ್ಲಿ ದಿಯೆಗೊ ಆಗಿದ್ದವನು ಈಗ ದಿಯೆಗೊನಂಥವರನ್ನು ಕಂಡರೆ ಉರಿದುಬೀಳುವವನು. ಆ ಒರಟನ ಮೇಲೂ ಕೊನೆಗೆ ನಮಗೆ ಕನಿಕರ ಹುಟ್ಟಿಸಿಬಿಡ್ತಾನೆ ನೋಡಿ, ಅದು ಹೊಸಬರಿಂದ ಆಗೋ ಕೆಲಸ ಅಲ್ಲ.

ಟಿವಿ ಬೇಕು ಅಂದ್ರೆ 2016ರ ‘ಫೋರ್ ಸೀಸನ್ಸ್ ಇನ್ ಹವಾನಾ’ ಇದೆ, ನಾಲ್ಕೇ ಕಂತು, ಒಂದೊಂದೂ ಸಿನಿಮಾದಷ್ಟು ಉದ್ದ. ಲೆಯೊನಾರ್ದೊ ಪದೂರಾರ ಕಾದಂಬರಿಗಳ ಪತ್ತೇದಾರ ಮಾರಿಯೊ ಕೊಂದೆಯಾಗಿ ಈತ. ಬರಹಗಾರ ಆಗಬೇಕಿದ್ದು ಪೊಲೀಸ್ ಆದವನು ಕೊಂದೆ. ಕಾದಂಬರಿಯಲ್ಲಿ ಮೂವತ್ತೈದರ ಆಸುಪಾಸಿನವನು, ಪೆರುಗೊರಿಯಾಗೆ ಆಗ ಐವತ್ತು ದಾಟಿತ್ತು. ಓದಿದವರಿಗೆ ಇದು ಕಣ್ಣಿಗೆ ಹೊಡೆಯುತ್ತೆ. ಕೇಸ್‌ಗಳಿಗಿಂತ ಹಳೇ ಸ್ನೇಹಿತರ ಜೊತೆ ರಮ್ ಕುಡೀತಾ ಕೂರುವ ದೃಶ್ಯಗಳೇ ಚೆನ್ನಾಗಿವೆ.

ನೀವು ಮೊದಲನೆಯದನ್ನು ಹೇಗೂ ನೋಡಿದ್ದೀರಿ. ಸೀದಾ ‘ವಿವಾ’ಗೆ ಹೋಗಿ, ತಮಾಷೆ ಬೇಕೆನಿಸಿದ ದಿನ ‘ಗ್ವಾಂತಾನಮೆರಾ’.