ಕಾವಲುಗಾರ ಕಂಪನಿಯವನು, ತಾತ ನಿಮ್ಮವರು

(ಗುರುತು ಸಿಗದ ಹಾಗೆ ಕೆಲವು ವಿವರ ಬದಲಿಸಿದ್ದೇನೆ.)

ಕೌನ್ಸೆಲಿಂಗ್‌ಗೆ ಅಂತ ನನ್ನ ಹತ್ತಿರ ಬಂದ ಆಕೆಗೆ 33 ವರ್ಷ. ಬೆಂಗಳೂರಿನ ಒಂದು ಗೇಮ್ ಸ್ಟುಡಿಯೋದಲ್ಲಿ ನರೇಟಿವ್ ಡೈರೆಕ್ಟರ್. ಕಥೆ, ಪಾತ್ರ, ಮಾತು, ಆಟಗಾರ ಯಾವ ದಾರಿ ಹಿಡಿದರೆ ಏನಾಗಬೇಕು, ಎಲ್ಲದರ ಉಸ್ತುವಾರಿ ಅವರದು. ನನಗೆ ಚೌಕಾಬಾರ ಬಿಟ್ಟರೆ ಬೇರೆ ಆಟ ಗೊತ್ತಿಲ್ಲ. ಇದನ್ನೆಲ್ಲ ಆಕೆಯೇ ಹೇಳಿಕೊಟ್ಟರು.

ಮೂರು ವರ್ಷ ದುಡಿದ ಗೇಮ್ ಒಂದು ಸೋಮವಾರದ ಮೀಟಿಂಗಿನಲ್ಲಿ ರದ್ದಾಯಿತು. ಹದಿನೈದು ನಿಮಿಷ, ಅಷ್ಟೇ. ಆಮೇಲೆ ನಿದ್ದೆ ಇಲ್ಲ. ಬರೆದದ್ದನ್ನು ಯಾರಿಗಾದರೂ ತೋರಿಸೋಣ ಅಂದರೆ ಎನ್‌ಡಿಎಗೆ, ಅಂದರೆ ಕೆಲಸದ ಗುಟ್ಟು ಹೊರಗೆ ಬಿಡೋದಿಲ್ಲ ಅನ್ನೋ ಒಪ್ಪಂದಕ್ಕೆ, ಸಹಿ ಹಾಕಿದ್ದಾರೆ. "ಮಕ್ಕಳಾಟ ತಾನೇ, ಹೋದ್ರೆ ಹೋಗ್ಲಿ ಬಿಡೇ" ಅಂದರಂತೆ ಅಮ್ಮ. ಸಾವಾದ ಮನೆಗೆ ಮಾತಾಡಿಸೋಕಾದರೂ ನಾಲ್ಕು ಜನ ಬರುತ್ತಾರೆ. ಇಲ್ಲಿ ಅದೂ ಇಲ್ಲ.

"ಕಥೆ ಹೇಳೋ ಹಾಗಿಲ್ಲ ಸರ್."

"ಕಥೆ ಬೇಡಮ್ಮ. ಬರೆಯುವಾಗ ಖುಷಿ ಕೊಟ್ಟಿದ್ದು ಯಾವುದು, ಅದನ್ನ ಹೇಳಿ."

ಗೇಮಿನಲ್ಲಿ ಕಾವಲುಗಾರ ಏನಾದರೂ ಸದ್ದು ಕೇಳಿದರೆ ಕೂಗುತ್ತಾನಲ್ಲ, ಅಂಥ ಪುಟ್ಟ ಮಾತುಗಳಿಗೆ ಬಾರ್ಕ್ಸ್ ಅನ್ನುತ್ತಾರಂತೆ. ಕೂಗಿದ್ದನ್ನೇ ಕೂಗಿದರೆ ಆಟಗಾರನಿಗೆ ಬೇಜಾರು. ಅದಕ್ಕೆ "ಯಾರದು?" ಅನ್ನೋದನ್ನೇ ನಲವತ್ತು ಥರ ಬರೆಯಬೇಕು, ಎಕ್ಸೆಲ್ ಶೀಟಿನಲ್ಲಿ ಸಾಲಿಗೊಂದು. ಬರೆದದ್ದು ಇಂಗ್ಲಿಷಿನಲ್ಲಿ. ಕಿವಿಯಲ್ಲಿ ಇದ್ದದ್ದು ಮಾತ್ರ ತಿಪಟೂರು ಕಡೆ ರಾತ್ರಿ ತೆಂಗಿನ ತೋಟ ಕಾಯುತ್ತಿದ್ದ ತಾತನ ದನಿ.

"ಯಾವನ್ಲಾ ಅದು?" ಅಂತ ತಾತನ ಹಾಗೇ ಕೂಗಿ ತೋರಿಸಿದರು. ನಮ್ಮ ರಿಸೆಪ್ಷನ್ ಹುಡುಗಿ ಗಾಬರಿಯಾಗಿ ಬಾಗಿಲು ತೆರೆದು ಇಣುಕಿದಳು. ಇಬ್ಬರೂ ನಕ್ಕೆವು.

"ಕಾವಲುಗಾರ ಕಂಪನಿಯವನು, ತಾತ ನಿಮ್ಮವರು" ಅಂದೆ. ಆಗ ಅತ್ತರು.

ನಿದ್ದೆಗೆ ಡಾಕ್ಟರನ್ನು ನೋಡಿ, ಒಂದು ತಿಂಗಳು ರಾಜೀನಾಮೆಯ ಮಾತು ಬೇಡ ಅಂದೆ. ತಾತನ ತೋಟದ ಒಂದು ರಾತ್ರಿಯನ್ನು ಹತ್ತೇ ನಿಮಿಷದ ಆಟ ಮಾಡಿ, ನೀವೊಬ್ಬರೇ ಮಾಡಿ ಅಂದೆ. ಟ್ವೈನ್ ಅನ್ನೋ ಉಚಿತ ಸಾಧನ ಇದೆ, ಮಾತು ಮತ್ತು ಆಯ್ಕೆಗಳಷ್ಟೇ ಸಾಕು ಅಂತ ಆಕೆಯೇ ಹೇಳಿದರು.

"ಗೇಮೇ ಹೊರಗೆ ಬರದಿದ್ದ ಮೇಲೆ ನಾನ್ಯಾವ ಡೈರೆಕ್ಟರ್?" ಅನ್ನೋದು ಎರಡನೇ ಭೇಟಿಯಲ್ಲಿ ಬಂತು. ನೀವು ಮೆಚ್ಚುವವರ ಮೊದಮೊದಲ ವರ್ಷಗಳನ್ನು ಬರೆದು ತನ್ನಿ ಅಂದೆ. ಆಕೆ ಬರೆದದ್ದು ಇದು: ಜಪಾನಿನ ಗೇಮ್ ಡಿಸೈನರ್ ಹಿಡಿಯೋ ಕೊಜಿಮಾ 1986ರಲ್ಲಿ ಕೊನಾಮಿ ಅನ್ನೋ ಗೇಮ್ ಕಂಪನಿ ಸೇರಿದರು. ಅವರು ರೂಪಿಸಿದ ಮೊದಲ ಗೇಮ್ ರದ್ದಾಗಿತ್ತು. ಅವರಿಗೆ ಹೆಸರು ತಂದ ಮೆಟಲ್ ಗೇರ್ ಬಂದದ್ದು 1987ರಲ್ಲಿ. ನೀಲ್ ಡ್ರಕ್‌ಮನ್ 2004ರಲ್ಲಿ ಅಮೆರಿಕದ ನಾಟಿ ಡಾಗ್ ಗೇಮ್ ಸ್ಟುಡಿಯೋಗೆ ಹೋದದ್ದು ಪ್ರೋಗ್ರಾಮಿಂಗ್ ಇಂಟರ್ನ್ ಆಗಿ. ಅವರು ಕಥೆ ಬರೆದ ದಿ ಲಾಸ್ಟ್ ಆಫ್ ಅಸ್ ಗೇಮ್ ಬಂದದ್ದು 2013ರಲ್ಲಿ. ಗೆದ್ದವರ ಕಥೆ ಹೇಳಿ ಸಮಾಧಾನ ಮಾಡೋದು ನನಗೆ ಅಷ್ಟು ಇಷ್ಟವಿಲ್ಲ. ಸೋತವರ ಕಥೆ ನಮ್ಮ ತನಕ ಬರೋದೇ ಇಲ್ವಲ್ಲ. ಆದರೂ ಆ ಇಸವಿಗಳು ಆಕೆಯ ಕೈಬರಹದಲ್ಲೇ ಇರಲಿ ಅನ್ನಿಸಿತು.

ಮುಂದಿನ ಕೆಲಸದ ಬಗ್ಗೆ ಒಂದೇ ಮಾತು: ಸಂಬಳಕ್ಕಿಂತ ಮೊದಲು, ಕಥೆ ಕತ್ತರಿಸೋ ಅಧಿಕಾರ ಯಾರದು ಅಂತ ಕೇಳಿ.

ಮೂರನೇ ಭೇಟಿಗೆ ಬಂದಾಗ ಆಟ ಮುಗಿದಿತ್ತು. ಅಮ್ಮನೇ ಮೊದಲು ಆಡಿದ್ದು. "ಕಳ್ಳ ಬಂದಾಗ ನಿಮ್ ತಾತ ನಾಯಿ ಬಿಚ್ಚೋರು. ಇದ್ರಲ್ಲಿ ಅದೇ ಇಲ್ವಲ್ಲೇ?" ಅಂದರಂತೆ. ಆ ರಾತ್ರಿ ಎರಡು ಗಂಟೆ ತನಕ ಕೂತು ನಾಯಿಯದೊಂದು ದಾರಿ ಸೇರಿಸಿದೆ ಅಂದರು. ನಿದ್ದೆ ಕೆಟ್ಟದ್ದಕ್ಕೆ ಈ ಸಲ ನಾನು ಬೈಯಲಿಲ್ಲ.