ಬೆರಳಿನ ಲಿಗಮೆಂಟ್ ಕೋಡ್‌ಗಳನ್ನು ಬಾಯಿಪಾಠ ಮಾಡಬೇಕಾ?

ಸಿಂಧನೂರಿನವರು, ಬಿಎಸ್ಸಿ ಮುಗಿದಿದೆ, ಮೆಡಿಕಲ್ ಕೋಡಿಂಗ್ (ಡಾಕ್ಟರ್ ಬರೆದದ್ದನ್ನು ಓದಿ ರೋಗಕ್ಕೆ, ಗಾಯಕ್ಕೆ ಕೋಡ್ ಹಾಕುವ ಕೆಲಸ) ಕಲಿಯಬೇಕು. ರಾಯಚೂರಿನ ಡೆಮೊ ಕ್ಲಾಸಿನಲ್ಲಿ ಕೈಬೆರಳಿನ ಲಿಗಮೆಂಟ್ (ಗೆಣ್ಣಿನಲ್ಲಿ ಮೂಳೆಗಳನ್ನು ಹಿಡಿದಿಡುವ ಪಟ್ಟಿ) ಕೋಡ್‌ಗಳ ಪಟ್ಟಿ ಕೊಟ್ಟು ಬಾಯಿಪಾಠ ಮಾಡಿ ಅಂದಿದ್ದಾರೆ. ಅಲ್ಲೇ ಸೇರಬೇಕಾ, ಹೈದರಾಬಾದಿನ ಅಮೀರ್‌ಪೇಟೆಗೆ ಹೋಗಬೇಕಾ? ನಿಮ್ಮ ಪ್ರಶ್ನೆ ಇಷ್ಟೇ ಅಲ್ವಾ? ಊರು ಯಾವುದಾದರೂ ಇರಲಿ, ಆ ಪಟ್ಟಿಯನ್ನು ಮೊದಲು ಪಕ್ಕಕ್ಕಿಡಿ. ಅಂಥದ್ದೇ ಒಂದು ಪಟ್ಟಿ ನನ್ನ ಹತ್ತಿರವೂ ಇತ್ತು.

ನಾನು ಗಂಗಾವತಿಯವನು. ಕಾಲೇಜಿನಲ್ಲಿ ವಾಲಿಬಾಲ್ ಹುಚ್ಚು. ಒಮ್ಮೆ ಬ್ಲಾಕ್ ಮಾಡಲು ಹಾರಿದಾಗ ಚೆಂಡು ಬಲಗೈ ಉಂಗುರ ಬೆರಳಿನ ತುದಿಗೆ ಬಡಿಯಿತು. ಊರಲ್ಲೇ ಒಬ್ಬರ ಹತ್ತಿರ ಎಳೆಸಿಕೊಂಡು, ಎಣ್ಣೆ ಹಚ್ಚಿ, ಬಟ್ಟೆ ಸುತ್ತಿಕೊಂಡು ಓಡಾಡಿದೆ. ಕಡೆಗೆ ಎಂಆರ್‌ಐ ಮಾಡಿಸಿದಾಗ ನಡುಗೆಣ್ಣಿನ ಪಕ್ಕದ ಕೊಲ್ಯಾಟರಲ್ ಲಿಗಮೆಂಟ್ ಪೂರ್ತಿ ಹರಿದಿದೆ ಅಂದರು. ಆ ಗೆಣ್ಣು ಇವತ್ತಿಗೂ ದಪ್ಪ, ಮದುವೆ ಉಂಗುರ ದಾಟುವುದಿಲ್ಲ. ಕೆಲಸಕ್ಕೆ ಸೇರಿದ ಮೇಲೆ ನನ್ನನ್ನು ಮುಳುಗಿಸಿದ್ದು ಇದೇ ಬೆರಳು.

ಹೈದರಾಬಾದಿನ ಒಂದು ಕಂಪನಿಯಲ್ಲಿ ಫ್ರೆಶರ್ ಆಗಿದ್ದೆ. ಅಮೆರಿಕದ ಎಮರ್ಜೆನ್ಸಿ ಚಾರ್ಟ್‌ಗಳು, ಅಂದರೆ ರೋಗಿಗಳ ದಾಖಲೆಗಳು, ಬರುತ್ತಿದ್ದವು. ಒಂದು ದಿನ ನನ್ನ ಕಥೆಯೇ ಸ್ಕ್ರೀನ್ ಮೇಲೆ ಬಂತು. ಬಲಗೈ ಉಂಗುರ ಬೆರಳು, ಚೆಂಡು ಬಡಿದಿದೆ, ನಡುಗೆಣ್ಣು ಊದಿದೆ, ಪಕ್ಕಕ್ಕೆ ಒತ್ತಿದರೆ ಸಡಿಲ. ಎಕ್ಸ್‌ರೇಯಲ್ಲಿ ಮೂಳೆ ಮುರಿದಿಲ್ಲ. ಕೊನೆಯ ಅಸೆಸ್‌ಮೆಂಟ್‌ನಲ್ಲಿ ಎರಡೇ ಸಾಲು: ರೈಟ್ ರಿಂಗ್ ಫಿಂಗರ್ ಪಿಐಪಿ ಜಾಯಿಂಟ್ ಸ್ಪ್ರೇನ್ (ನಡುಗೆಣ್ಣಿನ ಉಳುಕು). ಸಸ್ಪೆಕ್ಟೆಡ್ ಕೊಲ್ಯಾಟರಲ್ ಲಿಗಮೆಂಟ್ ಟೇರ್, ಹ್ಯಾಂಡ್ ಸರ್ಜನ್ ಹತ್ತಿರ ಕಳಿಸಲಾಗಿದೆ.

ನಾನು ಎಸ್63.414ಎ ಹಾಕಿದೆ. ಅಂದರೆ ಬಲಗೈ ಉಂಗುರ ಬೆರಳಿನ ಕೊಲ್ಯಾಟರಲ್ ಲಿಗಮೆಂಟ್ ಹರಿದಿದೆ ಅಂತ. ಪಟ್ಟಿ ಬಾಯಿಗೆ ಬರುತ್ತಿತ್ತಲ್ಲ, ಪುಸ್ತಕ ತೆಗೆಯಲೇ ಇಲ್ಲ. ಕೈಗೂ ಅನುಭವ ಇತ್ತು, ಅಷ್ಟು ಸಡಿಲ ಇದ್ದ ಮೇಲೆ ಹರಿದೇ ಇರುತ್ತದೆ ಅಂದುಕೊಂಡೆ.

ಆಡಿಟ್‌ನಲ್ಲಿ ಸಿಕ್ಕಿಬಿತ್ತು. ನಮ್ಮ ಟೀಮ್ ಲೀಡರ್ ಬಳ್ಳಾರಿಯವರು. ಆಫೀಸಿನಲ್ಲೆಲ್ಲ ತೆಲುಗು ಮಾತಾಡುತ್ತಿದ್ದ ಅಕ್ಕ ಅವತ್ತು ಕನ್ನಡದಲ್ಲೇ ಬೈದರು: "ಡಾಕ್ಟ್ರು ಸಸ್ಪೆಕ್ಟೆಡ್ ಅಂತ ಬರದಾರ. ನೀ ಯಾವಾಗ ಡಾಕ್ಟ್ರಾದಿ?"

ಸ್ವಲ್ಪ ಉದ್ದ ಆಗುತ್ತದೆ, ಆದರೂ ಇದನ್ನು ಬಿಡಿಸಿಯೇ ಹೇಳುತ್ತೇನೆ. ಅಮೆರಿಕದ ಐಸಿಡಿ-10-ಸಿಎಂ (ರೋಗಗಳ ಕೋಡ್ ಪುಸ್ತಕ) ಗೈಡ್‌ಲೈನ್ ಪ್ರಕಾರ ಔಟ್‌ಪೇಷಂಟ್ ಚಾರ್ಟ್‌ನಲ್ಲಿ ಅನುಮಾನಕ್ಕೆ ಕೋಡ್ ಹಾಕುವಂತಿಲ್ಲ. ಪ್ರಾಬಬಲ್, ಸಸ್ಪೆಕ್ಟೆಡ್, ರೂಲ್ ಔಟ್, ಕನ್ಸಿಸ್ಟೆಂಟ್ ವಿತ್, ಎಲ್ಲವೂ ಅನುಮಾನದ ಲೆಕ್ಕವೇ. ಎಮರ್ಜೆನ್ಸಿಗೆ ಬಂದು ಮನೆಗೆ ಹೋದವರು ಔಟ್‌ಪೇಷಂಟ್. ಆ ಭೇಟಿಯಲ್ಲಿ ಗಟ್ಟಿಯಾಗಿ ಗೊತ್ತಾಗಿದ್ದು ಸ್ಪ್ರೇನ್ ಮಾತ್ರ. ಹಾಗಾಗಿ ಸರಿಯಾದ ಕೋಡ್ ಎಸ್63.634ಎ, ಬಲ ಉಂಗುರ ಬೆರಳಿನ ಇಂಟರ್‌ಫ್ಯಾಲಂಜಿಯಲ್ ಜಾಯಿಂಟ್ ಸ್ಪ್ರೇನ್. ಮುಂದೆ ಸರ್ಜನ್ ನೋಡಿ ಹರಿದಿದೆ ಅಂತ ಬರೆದರೆ ಆ ಭೇಟಿಗೆ 414 ಬರುತ್ತದೆ. ಒಂದೇ ಬೆರಳು, ಒಂದೇ ಏಟು, ಎರಡು ಭೇಟಿಗೆ ಎರಡು ಕೋಡ್. ಎರಡೂ ಸರಿ! ಇದೇ ರೋಗಿ ಆಸ್ಪತ್ರೆಯಲ್ಲಿ ಅಡ್ಮಿಟ್ ಆಗಿ, ಡಿಸ್ಚಾರ್ಜ್ ಆಗುವಾಗಲೂ ಸಸ್ಪೆಕ್ಟೆಡ್ ಅಂತಲೇ ಇದ್ದಿದ್ದರೆ ಇದೆ ಅಂತಲೇ ಕೋಡ್ ಮಾಡಬಹುದಿತ್ತು. ಇನ್‌ಪೇಷಂಟ್‌ಗೆ ನಿಯಮ ಬೇರೆ. ಯಾವ ಪಟ್ಟಿಯಲ್ಲೂ ಇದು ಇರುವುದಿಲ್ಲ.

ಎರಡನ್ನೂ ಹಾಕಿದ್ದರೆ ಬಚಾವಾಗುತ್ತಿದ್ದೆನಾ? ಅದೂ ಇಲ್ಲ. ಎಸ್63.6 ಕೆಳಗೆ ಎಕ್ಸ್‌ಕ್ಲೂಡ್ಸ್ 1 ಅಂತ ಬರೆದು ಎಸ್63.4 ಅನ್ನು ಹೊರಗಿಟ್ಟಿದ್ದಾರೆ. ಅದೇ ಗೆಣ್ಣಿಗೆ ಉಳುಕು, ಹರಿದಿದ್ದು ಎರಡನ್ನೂ ಒಟ್ಟಿಗೆ ಹಾಕುವ ಹಾಗಿಲ್ಲ.

ಆ ಒಂದು ಚಾರ್ಟಿಗೆ ನಿಂತಿದ್ದರೆ ನಡೆಯುತ್ತಿತ್ತು. ನನ್ನ ಹಳೆಯ ಚಾರ್ಟ್‌ಗಳನ್ನೂ ತೆಗೆಸಿ ನೋಡಿದರು. ಮೊಣಕಾಲು, ಭುಜ, ಎಲ್ಲ ಕಡೆ ಸಸ್ಪೆಕ್ಟೆಡ್ ಇದ್ದದ್ದನ್ನು ನಾನು ಖಾತ್ರಿ ಮಾಡಿಟ್ಟಿದ್ದೆ. ಕ್ವಾಲಿಟಿ ಸ್ಕೋರ್ 95 ಪರ್ಸೆಂಟ್‌ಗಿಂತ ಕೆಳಗೆ ಬಿತ್ತು. ಮತ್ತೆ ಟ್ರೇನಿಂಗ್‌ಗೆ ಕೂರಿಸಿದರು. ಕನ್ಫರ್ಮೇಶನ್ ಮುಂದೆ ಹೋಯಿತು, ಇನ್ಸೆಂಟಿವ್ ಹೋಯಿತು, ಜೊತೆಗೆ ಸೇರಿದ್ದವರು ಸರ್ಜರಿ ಪ್ರಾಜೆಕ್ಟ್‌ಗೆ ಹೋದರು. ಮನೆಯಲ್ಲಿ ಅಪ್ಪ, "ಬರೇ ನಂಬರ್ ಬರಿಯೋ ಕೆಲಸದಾಗೂ ಫೇಲ್ ಆದ್ಯಾ?" ಅಂದರು. ಏನಂತ ಉತ್ತರ ಕೊಡಲಿ?

ಹಾಗಂತ ಬಾಯಿಪಾಠ ಅರ್ಧಕ್ಕಾದರೂ ಉಪಯೋಗಕ್ಕೆ ಬರುತ್ತದೆ ಅನ್ನುತ್ತೀರಾ? ಬೆರಳನ್ನೇ ನೋಡಿ. ಆರನೇ ಅಕ್ಷರದಲ್ಲಿ ತೋರುಬೆರಳು ಬಲ 0, ಎಡ 1. ನಡುಬೆರಳು 2, 3. ಉಂಗುರ 4, 5. ಕಿರುಬೆರಳು 6, 7. ಸಮಸಂಖ್ಯೆ ಬಲ, ಬೆಸ ಎಡ ಅಂತ ನೆನಪಿಟ್ಟುಕೊಂಡು ಹೆಬ್ಬೆರಳಿಗೆ ಬನ್ನಿ. ಹೆಬ್ಬೆರಳಿನ ಸ್ಪ್ರೇನ್‌ಗೆ ಕೋಡೇ ಬೇರೆ, ಅಲ್ಲಿ ಬಲ 1, ಎಡ 2. ಎಸ್63.642 ಅಂದರೆ ಎಡ ಹೆಬ್ಬೆರಳಿನ ಬುಡದ ಗೆಣ್ಣು. ಉಲ್ಟಾ! ಏಳನೇ ಅಕ್ಷರದ ಎ ಕೂಡ ಹಾಗೇ. ಮೊದಲ ಭೇಟಿಗೆ ಎ ಅಂತ ಕ್ಲಾಸಿನಲ್ಲಿ ಹೇಳಿಬಿಡುತ್ತಾರೆ. ಆದರೆ ಅದು ಭೇಟಿಯ ಲೆಕ್ಕವಲ್ಲ, ಚಿಕಿತ್ಸೆಯ ಲೆಕ್ಕ. ಚಿಕಿತ್ಸೆ ನಡೆಯುವವರೆಗೆ ಎ, ವಾಸಿಯಾಗುವ ಹಂತದ ತಪಾಸಣೆಗೆ ಡಿ, ಆಮೇಲೆ ಉಳಿದ ತೊಂದರೆಗೆ ಎಸ್. ಸರ್ಜನ್ ಆಪರೇಷನ್ ಮಾಡಿದ ದಿನವೂ ಎ ಬರುತ್ತದೆ.

ಇನ್ನೊಂದು, ನೆಟ್‌ನಲ್ಲಿ ಪುಕ್ಕಟೆ ಸಿಗುವ ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10 ನೋಡಿ ಗಲಿಬಿಲಿ ಮಾಡಿಕೊಳ್ಳಬೇಡಿ. ಅಲ್ಲಿ ಇದೆಲ್ಲ ಎಸ್63.4, ಎಸ್63.6ಕ್ಕೆ ಮುಗಿಯುತ್ತದೆ. ಕಂಪನಿಗಳಿಗೆ ಬೇಕಾಗಿದ್ದು ಅಮೆರಿಕದ್ದು, ಅದು ಪ್ರತಿವರ್ಷ ಅಕ್ಟೋಬರ್ 1ಕ್ಕೆ ಬದಲಾಗುತ್ತದೆ. ಪಟ್ಟಿ ಯಾವ ವರ್ಷದ್ದು ಅಂತಾದರೂ ಕೇಳಿದ್ದೀರಾ?

ಕೋಡರ್‌ಗಳ ಸರ್ಟಿಫಿಕೇಟಿಗೆ ಬರೆಯುವ ಸಿಪಿಸಿ ಪರೀಕ್ಷೆಯ ಭಯ ಇದ್ದರೆ ಕೇಳಿ: 100 ಪ್ರಶ್ನೆ, 4 ಗಂಟೆ, 70 ಪರ್ಸೆಂಟ್ ಬೇಕು, ಪುಸ್ತಕ ತೆರೆದಿಟ್ಟುಕೊಂಡೇ ಬರೆಯುವುದು. ನೆನಪಿನ ಶಕ್ತಿ ಯಾರೂ ಅಳೆಯುವುದಿಲ್ಲ. ಪುಸ್ತಕದಲ್ಲಿ ಬೇಗ ಹುಡುಕಲು ಬರಬೇಕು. ಮೊದಲು ಇಂಡೆಕ್ಸ್ (ಹೆಸರಿನ ಪ್ರಕಾರದ ಪಟ್ಟಿ), ಆಮೇಲೆ ಟ್ಯಾಬ್ಯುಲರ್ (ಕೋಡ್ ಪ್ರಕಾರದ ಪಟ್ಟಿ), ಅಲ್ಲಿ ಮೇಲಿರುವ ಸಣ್ಣ ಅಕ್ಷರದ ಸೂಚನೆಗಳು. ಇದೇ ದಾರಿಯಲ್ಲಿ ಕೈ ಕುದುರಬೇಕು. ಅದರ ಜೊತೆ ಡಾಕ್ಟರ್ ಇಂಗ್ಲಿಷ್ ಓದುವ ಅಭ್ಯಾಸ. ಗೆಣ್ಣುಗಳ ಹೆಸರು ನಿಮ್ಮ ಕೈ ನೋಡಿಕೊಂಡೇ ಕಲಿಯಬಹುದು, ಅದಕ್ಕೆ ಕ್ಲಾಸ್ ಯಾಕೆ?

ರಾಯಚೂರಾ, ಅಮೀರ್‌ಪೇಟೆಯಾ ಅನ್ನುವುದಕ್ಕೆ ನನ್ನ ಹತ್ತಿರ ದೊಡ್ಡ ಉತ್ತರ ಇಲ್ಲ. ಕೆಲಸ ಹೈದರಾಬಾದಿನಲ್ಲಿ ಜಾಸ್ತಿ, ರಾಯಚೂರಿನಿಂದ ರೈಲೂ ಇದೆ, ಸುಮ್ನೆ ಅಲ್ಲಿ ರೂಮ್ ಬಾಡಿಗೆ ಕಟ್ಟಿಕೊಂಡು ಅದೇ ಪಟ್ಟಿ ಓದುವುದಾದರೆ ಮನೆಯೂಟವೇ ವಾಸಿ. ಎಲ್ಲಿಗೇ ಹೋದರೂ ಫೀಸು ಕಟ್ಟುವ ಮುಂಚೆ ಸರ್‌ಗೆ ಒಂದು ಕೇಳಿ: "ಎಡ ಹೆಬ್ಬೆರಳು, ಬುಡದ ಗೆಣ್ಣಿನ ಸ್ಪ್ರೇನ್, ಲಿಗಮೆಂಟ್ ಹರಿದಿದೆಯಾ ಅಂತ ಅನುಮಾನ, ಎಮರ್ಜೆನ್ಸಿ ಚಾರ್ಟ್. ಏನು ಕೋಡ್?" ಪುಸ್ತಕ ತೆಗೆದರೆ ಕಟ್ಟಿ. ತೆಗೆಯದೆ ಪಟ್ಟಂತ ಹೇಳಿಬಿಟ್ಟರೆ, ಅವರು ಹೇಳಿದ ಕೋಡ್ ಸರಿಯಿದ್ದರೂ ಕಟ್ಟಬೇಡಿ.